ಅವಕಾಶವೂ ಸಾಧನೆಯೂ

ಸಾಧನೆಗೆ ಪ್ರತಿಭೆಯೊಂದೇ ಸಾಲದು. ಅದು ಅರಳಲು ಅಂಗಳವೂ ಬೇಕು. ಅಮೆರಿಕದ ನಾರ್ತ್‌ವೆಸ್ಟರ್ನ್ ವಿಶ್ವವಿದ್ಯಾನಿಲಯದ ಮಹಿಳಾ ಲ್ಯಾಕ್ರೋಸ್ ತಂಡದ ಇತಿಹಾಸ ಈ ಮಾತಿಗೆ ಉತ್ತಮ ನಿದರ್ಶನ.

ತುದಿಯಲ್ಲಿ ಬಲೆಯುಳ್ಳ ಕೋಲಿನಿಂದ ಚೆಂಡನ್ನು ಹಿಡಿದು, ಎಸೆದು, ಗೋಲು ಗಳಿಸುವ ಆಟ ಲ್ಯಾಕ್ರೋಸ್. ಉತ್ತರ ಅಮೆರಿಕದ ಮೂಲನಿವಾಸಿಗಳಿಂದ ಬಂದ ಈ ಆಟದಲ್ಲಿ ಆ ದೇಶದ ಪೂರ್ವ ತೀರದ ಕಾಲೇಜುಗಳೇ ಮೇಲುಗೈ ಪಡೆದಿದ್ದವು. ನಾರ್ತ್‌ವೆಸ್ಟರ್ನ್ ಇರುವುದಾದರೋ ಒಳನಾಡಿನ ಷಿಕಾಗೋ ನಗರದ ಬಳಿ. ಅಲ್ಲಿ 1982ರಲ್ಲಿ ಆರಂಭವಾದ ಅಧಿಕೃತ ತಂಡವನ್ನು 1992ರಲ್ಲಿ ಕೈಬಿಡಲಾಯಿತು. ಆಸಕ್ತ ವಿದ್ಯಾರ್ಥಿನಿಯರಿಗೆ ಕ್ಲಬ್ಬಿನ ಆಟವಷ್ಟೇ ಉಳಿಯಿತು.

2002ರಲ್ಲಿ ತಂಡ ಮರುಜೀವ ಪಡೆಯಿತು. ತರಬೇತುದಾರರಾದ ಕೆಲಿ ಅಮಾಂಟೆ ಹಿಲ್ಲರ್ ಪಳಗಿದ ಆಟಗಾರ್ತಿಯರಿಗಾಗಿ ಕಾಯುತ್ತ ಕೂರಲಿಲ್ಲ. ಆವರಣದಲ್ಲಿ ಓಡುತ್ತಿದ್ದ ಅವಳಿ ಸೋದರಿಯರನ್ನು ಕಂಡು, ಲ್ಯಾಕ್ರೋಸ್ ಅರಿಯದ ಅವರನ್ನೂ ತಂಡಕ್ಕೆ ಕರೆತಂದರು. 2005ರಲ್ಲಿ ತಂಡವು ಒಂದು ಪಂದ್ಯವನ್ನೂ ಸೋಲದೆ ರಾಷ್ಟ್ರೀಯ ಪ್ರಶಸ್ತಿ ಗಳಿಸಿತು. ಅಂದಿನಿಂದ 2012ರವರೆಗಿನ ಎಂಟು ವರ್ಷಗಳಲ್ಲಿ ಏಳು ಬಾರಿ ಪ್ರಶಸ್ತಿ ಅದರದಾಯಿತು. 2023ರಲ್ಲಿ ಮತ್ತೊಮ್ಮೆ ಒಲಿಯಿತು.

ಈ ಯಶಸ್ಸನ್ನು ಒಬ್ಬರ ಚಾತುರ್ಯವೆಂದಷ್ಟೇ ಬಗೆಯುವುದು ಸರಿಯಲ್ಲ. ಶಿಕ್ಷಣದಲ್ಲಿ ಲಿಂಗಭೇದ ಸಲ್ಲದೆಂಬ 1972ರ ಶಾಸನವು ಅಮೆರಿಕದ ಕಾಲೇಜುಗಳ ಕ್ರೀಡಾಂಗಣವನ್ನು ಹೆಣ್ಣುಮಕ್ಕಳಿಗೆ ವಿಶಾಲವಾಗಿ ತೆರೆಯಿತು. ಆದರೆ ಶಾಸನವಿದ್ದೂ ಈ ತಂಡ ಹತ್ತು ವರ್ಷ ಇಲ್ಲವಾಗಿತ್ತು. ಆ ಅವಧಿಯಲ್ಲಿ ಅಲ್ಲಿ ಪ್ರತಿಭಾವಂತೆಯರೇ ಇರಲಿಲ್ಲವೆನ್ನಲಾದೀತೆ? ಇಲ್ಲದಿದ್ದುದು ಅವಕಾಶ. ಶಾಸನ ಬಾಗಿಲನ್ನು ತೆರೆಯಬಲ್ಲದು. ಒಳಗೆ ಕರೆದು, ಕೋಲನ್ನು ಕೈಗಿತ್ತು, ಕಲಿಯುವವರಲ್ಲಿ ನಂಬಿಕೆಯಿಡುವ ಹೊಣೆ ವಿದ್ಯಾಸಂಸ್ಥೆಯದು.