ಕಾಲುಬಾಯಿ ಬೇನೆ ಹೊಕ್ಕುವ ಬಾಗಿಲು

ಕಾಲುಬಾಯಿ ಬೇನೆ ಬಂದ ಎತ್ತನ್ನು ಹತ್ತಿರದಿಂದ ಕಂಡವರು ಮರೆಯಲಾರರು. ಜೊಲ್ಲು ನೂಲಿನಂತೆ ನೆಲದವರೆಗೂ ಇಳಿದಿರುತ್ತದೆ. ಬಾಯಿ ಚಪ್ಪರಿಸುವ ಸದ್ದು ಕೊಟ್ಟಿಗೆಯ ಹೊರಗೂ ಕೇಳುತ್ತದೆ. ಗೊರಸಿನ ಸಂದಿನಲ್ಲಿ ಗುಳ್ಳೆಯೊಡೆದು ಹಸಿ ಮಾಂಸ ಕಾಣುತ್ತದೆ. ಮುಂದಿಟ್ಟ ಮೇವನ್ನು ಮೂಸಿ ಹಾಗೇ ಬಿಡುತ್ತದೆ. ಕಾಗಿನೆಲೆ, ಬ್ಯಾಡಗಿ, ರಾಣೆಬೆನ್ನೂರಿನ ಕಡೆ ಬಿತ್ತನೆಯ ಹೊತ್ತಿಗೆ ಇದು ಬಂದರೆ ಆ ಮನೆಯ ಮುಂಗಾರು ಕೈಬಿಟ್ಟಂತೆಯೇ.

2013ರಲ್ಲಿ ರಾಜ್ಯದಲ್ಲಿ ಸಾವಿರಾರು ದನಗಳು ಇದಕ್ಕೆ ಬಲಿಯಾದವು. 2019ರ ಸೆಪ್ಟೆಂಬರ್‌ನಲ್ಲಿ ಕೇಂದ್ರ ಸರ್ಕಾರ ಕಾಲುಬಾಯಿ ಬೇನೆ ಮತ್ತು ಕಂದುರೋಗದ ವಿರುದ್ಧ 13,343 ಕೋಟಿ ರೂಪಾಯಿಯ ಕಾರ್ಯಕ್ರಮ ಆರಂಭಿಸಿತು. ಹತೋಟಿಗೆ 2025, ನಿರ್ಮೂಲನೆಗೆ 2030 ಎಂದು ಗಡುವು ಹಾಕಿಕೊಂಡಿತು. ಇಷ್ಟು ವರ್ಷದ ದಾರಿಯನ್ನು ತಿರುಗಿ ನೋಡುವಾಗ, ವೈರಸ್ ದನದ ಮೈಯನ್ನು ಹೊಕ್ಕುವ ಬಾಗಿಲಿನಿಂದಲೇ ಶುರುಮಾಡಬೇಕು.

ಆ ಬಾಗಿಲಿನ ಹೆಸರು ಇಂಟೆಗ್ರಿನ್. ಜೀವಕೋಶದ ಪೊರೆಯನ್ನು ತೂರಿ ನಿಂತಿರುವ ಪ್ರೋಟೀನ್ ಅದು. ಹೊರಗಿನ ತುದಿ ಸುತ್ತಲಿನ ನಾರಿನ ಬಲೆಯನ್ನು ಹಿಡಿದಿರುತ್ತದೆ, ಒಳಗಿನ ತುದಿ ಕೋಶದ ಹಂದರವನ್ನು. ಗಾಯ ಮಾಯುವುದಕ್ಕೂ ಈ ಹಿಡಿತ ಬೇಕು. ಅರ್ಜಿನಿನ್, ಗ್ಲೈಸಿನ್, ಆಸ್ಪಾರ್ಟಿಕ್ ಆಮ್ಲ ಎಂಬ ಮೂರು ಅಮೈನೋ ಆಮ್ಲಗಳ ಸಾಲೊಂದು ಈ ಹಿಡಿತದ ಕೊಂಡಿ ಎಂದು 1984ರಲ್ಲಿ ಎರ್ಕಿ ರೂಸ್ಲಾಟಿ ಮತ್ತು ಸಂಗಡಿಗರು ತೋರಿಸಿದರು. ಇಂಟೆಗ್ರಿನ್ ಎಂಬ ಹೆಸರು 1986ರಲ್ಲಿ ರಿಚರ್ಡ್ ಹೈನ್ಸ್ ಬಳಗದಿಂದ ಬಂತು. 2022ರ ಲಾಸ್ಕರ್ ಪ್ರಶಸ್ತಿ ಇವರಿಬ್ಬರಿಗೂ ಟಿಮೊತಿ ಸ್ಪ್ರಿಂಗರ್‌ಗೂ ಸಂದಿತು.

ಕಾಲುಬಾಯಿ ವೈರಸ್ ತನ್ನ ಮೈಮೇಲೆ ಇದೇ ಮೂರಕ್ಷರದ ಕೀಲಿ ಹೊತ್ತಿದೆ. ಅದು ಹುಡುಕುವ ಆಲ್ಫಾ-ವಿ ಬೀಟಾ-6 ಎಂಬ ಇಂಟೆಗ್ರಿನ್ ದನದ ನಾಲಿಗೆಯಲ್ಲೂ ಗೊರಸಿನ ಸಂದಿನ ಚರ್ಮದಲ್ಲೂ ಇದೆ. ಬೇನೆ ಬಾಯಿ ಮತ್ತು ಕಾಲನ್ನೇ ಹಿಡಿಯುವುದಕ್ಕೆ ಇದೊಂದು ಮುಖ್ಯ ಕಾರಣ. ಮೈಯನ್ನು ಹಿಡಿದಿಡುವ ಬಾಗಿಲನ್ನೇ ಮುಚ್ಚಿಬಿಡುವಂತಿಲ್ಲ. ಉಳಿದದ್ದು ಕೀಲಿ ತಾಗದಂತೆ ಮಾಡುವುದು. ಲಸಿಕೆಯಿಂದ ಹುಟ್ಟುವ ಪ್ರತಿಕಾಯಗಳು ಮಾಡುವುದು ಅದನ್ನೇ. ಆದರೆ ವೈರಸ್ ಆ ಮೂರನ್ನು ಹಾಗೇ ಉಳಿಸಿಕೊಂಡು ಆಸುಪಾಸನ್ನು ಬದಲಿಸುತ್ತಿರುತ್ತದೆ. ಹಾಗಾಗಿ ನಮ್ಮ ಲಸಿಕೆಯಲ್ಲಿ ಒ, ಎ, ಏಷ್ಯಾ-1 ಎಂಬ ಮೂರು ಬಗೆಗಳೂ ಇರಬೇಕು. ರಕ್ಷಣೆ ಆರು ತಿಂಗಳು ಸಿಕ್ಕರೆ ಹೆಚ್ಚು.

ವರ್ಷಕ್ಕೆರಡು ಸಲ ಐಸ್ ಡಬ್ಬಿ ಹೊತ್ತು ಕೊಟ್ಟಿಗೆಗಳನ್ನು ಸುತ್ತುವವರ ಮೇಲೆಯೇ ಎಲ್ಲ ನಿಂತಿದೆ. 2ರಿಂದ 8 ಡಿಗ್ರಿಯ ತಂಪು ತಪ್ಪಿದರೆ ಲಸಿಕೆ ಬಲ ಕಳೆದುಕೊಳ್ಳುತ್ತದೆ. ಡಬ್ಬಿ ಅಂಗಳಕ್ಕೆ ಬಂದಾಗಲೂ "ಹಾಲು ಕಡಿಮಿ ಆಗ್ತೈತ್ರಿ, ಈ ಸರ್ತಿ ಬ್ಯಾಡ" ಎನ್ನುವ ಮಾತಿದೆ. ಎರಡು ಮೂರು ದಿನ ಹಾಲು ಇಳಿಯಬಹುದು, ಅದು ಸುಳ್ಳಲ್ಲ. ಹಿಂಡುವ ಆಕಳೊಂದನ್ನೇ ನಂಬಿದ ಮನೆಗೆ ಅಷ್ಟೂ ಹೊರೆಯೇ. ಅದನ್ನು ತುಂಬಿಕೊಡದೆ ರೈತರನ್ನು ಬೈಯುವುದು ತಪ್ಪು ಎಂಬುದು ನಮ್ಮ ನಿಲುವು.

ಇನ್ನು ಕುರಿ. ಈ ನಾಡಿಗೆ ಕುರಿಯ ವಿಷಯ ಹೇಳಿಕೊಡಬೇಕಿಲ್ಲ. ಕುರಿಗಳಲ್ಲಿ ಬೇನೆ ಎಷ್ಟೋ ಸಲ ಸಣ್ಣ ಕುಂಟಿನಲ್ಲೇ ಮುಗಿದು ಕಣ್ಣಿಗೆ ಬೀಳುವುದಿಲ್ಲ, ವೈರಸ್ ಮಾತ್ರ ಮಂದೆಯೊಂದಿಗೆ ಊರೂರು ತಿರುಗುತ್ತದೆ. ಆಕಳು, ಎಮ್ಮೆಗಳ ಲೆಕ್ಕ ಸರಿಯಿದ್ದು ಮಂದೆ ಬಿಟ್ಟುಹೋದರೆ 2030ರ ಗಡುವು ಕಾಗದದಲ್ಲೇ ಉಳಿಯುತ್ತದೆ. ದೀಪಾವಳಿಯ ಹೋರಿ ಹಬ್ಬಕ್ಕೆ ಊರೂರಿನ ಹೋರಿಗಳು ಒಂದೇ ಅಖಾಡಕ್ಕೆ ಬರುತ್ತವೆ. ಅದಕ್ಕೆ ತಿಂಗಳು ಮೊದಲೇ ಐಸ್ ಡಬ್ಬಿ ಹೋರಿಯ ಕೊಟ್ಟಿಗೆಗೂ ಹೋಗಲಿ, ಹೊಲದಲ್ಲಿ ಗೊಬ್ಬರಕ್ಕೆ ನಿಲ್ಲಿಸಿದ ಕುರಿಮಂದೆಗೂ ಹೋಗಲಿ.