ಆಟಕ್ಕೂ ಒಂದು ಭಾಷೆ

ಕಂಪ್ಯೂಟರ್ ಆಟದ ಮುಂದೆ ಕುಳಿತ ಮಕ್ಕಳು ಒಂದಕ್ಷರವನ್ನೂ ಓದುವುದಿಲ್ಲ ಎಂಬುದು ಪಾಲಕರ ಸಾಮಾನ್ಯ ದೂರು. ಯುದ್ಧತಂತ್ರದ ಆಟಗಳ ಮಟ್ಟಿಗೆ ಈ ಮಾತು ಪೂರ್ತಿ ನಿಜವಲ್ಲ. 1999ರಲ್ಲಿ ಬಂದು, 2019ರಲ್ಲಿ ಹೊಸ ರೂಪ ಪಡೆದ ‘ಏಜ್ ಆಫ್ ಎಂಪೈರ್ಸ್ 2’ ಆಟವನ್ನೇ ನೋಡಿ. ಮನೆ ಕಟ್ಟಲು 25 ಮರ ಬೇಕು, ಕೋಟೆಗೆ 650 ಕಲ್ಲು. ಕುದುರೆ ಸವಾರರನ್ನು ತಡೆಯಲು ಈಟಿಗಾರರೇ ಆಗಬೇಕು. ಇದೆಲ್ಲ ತೆರೆಯ ಮೇಲೆ ಬರಹದಲ್ಲಿರುತ್ತದೆ. ಓದಿ ಅರ್ಥ ಮಾಡಿಕೊಳ್ಳದವರು ಸೋಲುತ್ತಾರೆ.

ಆದ್ದರಿಂದ ಆಟ ಯಾವ ಭಾಷೆಯಲ್ಲಿದೆ ಎಂಬುದು ಮುಖ್ಯ. ‘ಸ್ಟೀಮ್’ ಮೂಲಕ ಕೊಂಡ ಆಟವಾದರೆ ಭಾಷೆ ಬದಲಿಸುವುದು ಸುಲಭ. ಲೈಬ್ರರಿಯಲ್ಲಿ ಆಟದ ಹೆಸರಿನ ಮೇಲೆ ಮೌಸಿನ ಬಲಗುಂಡಿ ಒತ್ತಿ, ‘ಪ್ರಾಪರ್ಟೀಸ್’ ತೆರೆದು, ಅಲ್ಲಿರುವ ಪಟ್ಟಿಯಿಂದ ಬೇಕಾದ ಭಾಷೆಯನ್ನು ಆರಿಸಿದರಾಯಿತು. ಗೊತ್ತಿಲ್ಲದ ಭಾಷೆ ಆರಿಸಿ ಸಿಕ್ಕಿಕೊಂಡವರು ಗಾಬರಿಪಡಬೇಕಿಲ್ಲ. ಪಟ್ಟಿ ಆಟದ ಹೊರಗೇ ಇರುವುದರಿಂದ ಹಿಂದಿನ ಭಾಷೆಗೆ ಮರಳಬಹುದು.

ಹೀಗೆ ಬದಲಿಸಿದಾಗ ಸೂಚನೆ, ವಿವರಣೆಗಳು ಹೊಸ ಭಾಷೆಗೆ ತಿರುಗುತ್ತವೆ. ಸೈನಿಕರ ಮಾತು ಮಾತ್ರ ಹಾಗೆಯೇ ಉಳಿಯುತ್ತದೆ. ಜಪಾನಿನ ಯೋಧ ಜಪಾನಿ ಭಾಷೆಯಲ್ಲೇ ಓಗೊಡುತ್ತಾನೆ.

ಈ ಆಟದ ಭಾಷಾಪಟ್ಟಿಯಲ್ಲಿ ಹಿಂದಿ ಇದೆ, ಕನ್ನಡ ಇಲ್ಲ. 2022ರಲ್ಲಿ ‘ದ್ರಾವಿಡರು’ ಎಂಬ ಪಂಗಡ ಆಟಕ್ಕೆ ಸೇರಿದ ಮೇಲೂ ಅದು ಬರಲಿಲ್ಲ. ಕನ್ನಡ ತರುವುದು ಅಸಾಧ್ಯವೇನಲ್ಲ. ಆಟದ ನಿಯಮಗಳು ಬೇರೆ, ಮಾತುಗಳು ಬೇರೆ. 1999ರ ಆವೃತ್ತಿಯಲ್ಲೇ ಮಾತುಗಳಿಗೆಂದು ಪ್ರತ್ಯೇಕ ಕಡತವಿತ್ತು. 2013ರ ಆವೃತ್ತಿಯಲ್ಲಿ ಅವು ಯಾರಾದರೂ ತೆರೆದು ಓದಬಹುದಾದ ಸಾದಾ ಪಠ್ಯವಾದವು. ಪ್ರತಿ ಸಾಲಿಗೂ ಒಂದು ಗುರುತು, ಅದರ ಮುಂದೆ ಒಂದು ವಾಕ್ಯ. ಆಟ ಆ ಗುರುತನ್ನು ಹುಡುಕಿ ಮುಂದಿನ ವಾಕ್ಯವನ್ನು ತೆರೆಗೆ ತರುತ್ತದೆ. ವಾಕ್ಯ ಬದಲಾದರೆ ಭಾಷೆಯೂ ಬದಲಾಗುತ್ತದೆ.

ಇನ್ನು ಬೇಕಾದದ್ದು ಅನುವಾದಿಸುವವರು. ರಜೆಯಲ್ಲಿ ವಿದ್ಯಾರ್ಥಿಗಳು ನೋಟ್‌ಬುಕ್ಕಿನಲ್ಲಿ ಇಪ್ಪತ್ತು ಪದಗಳಿಂದ ಆರಂಭಿಸಬಹುದು. ‘ಸ್ಟೇಬಲ್’ಗೆ ಲಾಯ, ‘ಬ್ಲ್ಯಾಕ್‌ಸ್ಮಿತ್’ನ ಕಟ್ಟಡಕ್ಕೆ ಕುಲುಮೆ ಸಿದ್ಧವಾಗಿಯೇ ಇವೆ. ಕಾಲಾಳುಗಳು ತಯಾರಾಗುವ ‘ಬ್ಯಾರಕ್ಸ್’ಗೆ ಪಾಳೆಯ ಸರಿಯೋ, ಗರಡಿ ಸರಿಯೋ? ‘ಮಾರ್ಕೆಟ್’ ಸಂತೆಯೋ, ಪೇಟೆಯೋ? ಮನೆಯ ಹಿರಿಯರನ್ನೂ ಕೇಳಿ ನೋಡಲಿ. ಆಟ ಬೇಡವೆನ್ನುವ ಪಾಲಕರು ಈ ಚರ್ಚೆಗಾದರೂ ಮಕ್ಕಳ ಪಕ್ಕದಲ್ಲಿ ಕುಳಿತಾರು.