ಗುಟ್ಟು ಯಾರದು, ಕಸುಬು ಯಾರದು?

ಮೂಕಿ ಚಿತ್ರಗಳ ಕಾಲದ ಒಂದೆರಡು ರೀಲಿನ ಕಿರುನಾಟಕಗಳಲ್ಲಿ ಒಂದು ಬಗೆಯ ಕಥೆ ಬರುತ್ತಿತ್ತು. ಎದುರಾಳಿ ಕಂಪನಿಯವನು ಹಣದ ಆಸೆ ತೋರಿಸಿ ಕಾರ್ಖಾನೆಯ ಗುಟ್ಟು ಕೇಳುತ್ತಾನೆ. ನಂಬಿಗಸ್ಥ ಕೆಲಸಗಾರ ಬಾಯಿ ಬಿಡುವುದಿಲ್ಲ. ಮಾಲೀಕ ಅವನ ಬೆನ್ನು ತಟ್ಟುತ್ತಾನೆ. ಬೆನ್ನು ತಟ್ಟಿದ ಮೇಲೆ ಕೂಲಿ ಏರಿತೇ ಎಂಬುದೇ ನಮ್ಮ ಪ್ರಶ್ನೆ.

ಅಂಥ ಗುಟ್ಟು ನಮ್ಮ ನಾಡಿನಲ್ಲೂ ಉಂಟು. ಮತ ಹಾಕಿದವರ ಬೆರಳಿಗೆ ಹಚ್ಚುವ ಅಳಿಸಲಾಗದ ಶಾಯಿ ಮೈಸೂರಿನಲ್ಲಿ ತಯಾರಾಗುತ್ತದೆ. ನಾಲ್ವಡಿ ಕೃಷ್ಣರಾಜ ಒಡೆಯರು 1937ರಲ್ಲಿ ಸ್ಥಾಪಿಸಿದ ಅರಗು ಮತ್ತು ಬಣ್ಣದ ಆ ಕಾರ್ಖಾನೆ ಇಂದು ರಾಜ್ಯ ಸರ್ಕಾರದ ಸ್ವತ್ತು. ಶಾಯಿಯ ಸೂತ್ರ ದೆಹಲಿಯ ರಾಷ್ಟ್ರೀಯ ಭೌತ ಪ್ರಯೋಗಾಲಯದ್ದು. ಅದರಲ್ಲಿ ಸಿಲ್ವರ್ ನೈಟ್ರೇಟ್ ಇದೆ, ಬೆಳಕು ತಾಗಿದರೆ ಕಪ್ಪಾಗುತ್ತದೆ ಎಂಬುದು ಬಹಿರಂಗ; ಬೆರಕೆಯ ಅಳತೆ ಮಾತ್ರ ಬೆರಳೆಣಿಕೆಯ ಜನರಿಗೆ ಗೊತ್ತು. 1962ರ ಮಹಾಚುನಾವಣೆಯಿಂದ ಅದನ್ನು ಕಾಪಾಡಿಕೊಂಡು ಬಂದಿದ್ದಾರೆ. ಇದು ಯಾವ ಸಾಹುಕಾರನ ಗಂಟೂ ಅಲ್ಲ, ಬಡವನ ಒಂದು ಮತದ ಕಾವಲು. ಇಂಥ ಗುಟ್ಟನ್ನು ಮಾರುವವನು ಉಂಡ ಮನೆಯ ಜಂತೆ ಎಣಿಸುವವನೇ ಸರಿ.

ಆದರೆ ಗುಟ್ಟಿನ ಹೆಸರಿನಲ್ಲಿ ಕಸುಬನ್ನೂ ಕಟ್ಟಿಹಾಕಲು ಹೊರಡುವ ಮಾಲೀಕರಿಗೆ ನಮ್ಮ ಮಾತು ಬೇರೆ. ಹೊಸಹಳ್ಳಿಯ ಗುಮಾಸ್ತ ಸ್ವಂತ ಅಂಗಡಿ ಇಟ್ಟರೆ, ಗಿರಣಿಯ ಮೇಸ್ತ್ರಿ ಕೊಟ್ಟೂರು ಬಿಟ್ಟು ಹರಪನಹಳ್ಳಿಗೆ ಹೋದರೆ, ಅದು ದ್ರೋಹವೇ? ನ್ಯಾಯವಾದ ದುಡಿಮೆಗೆ ಅಡ್ಡಿಯೊಡ್ಡುವ ಕರಾರು ಆ ಮಟ್ಟಿಗೆ ಅಸಿಂಧು ಎಂದು 1872ರ ಕರಾರು ಕಾಯಿದೆಯ 27ನೆಯ ಕಲಮು ಹೇಳುತ್ತದೆ.

ಇನ್ನೊಂದು ಮಗ್ಗುಲನ್ನೂ ಮರೆಮಾಚಲಾರೆವು. ಟೈರಿನ ನೂಲು ತಯಾರಿಸುವ ಸೆಂಚುರಿ ಕಂಪನಿಯಲ್ಲಿ ತರಬೇತಿ ಪಡೆದ ಮೇಲ್ವಿಚಾರಕನೊಬ್ಬ, ಐದು ವರ್ಷದ ಕರಾರಿನ ನಡುವೆಯೇ ಎದುರಾಳಿ ಕಂಪನಿ ಸೇರಿದ್ದ. 1967ರಲ್ಲಿ ಸುಪ್ರೀಂ ಕೋರ್ಟು ಅವನ ಮೇಲಿನ ತಡೆಯನ್ನು ಎತ್ತಿಹಿಡಿಯಿತು. ಆದರೆ ಬೇರೆಡೆ ದುಡಿಯಬಾರದೆಂಬ ಆ ತಡೆ ಕರಾರಿನ ಅವಧಿ ಮುಗಿಯುವವರೆಗೆ ಮಾತ್ರ, ಜೀವಮಾನದ ಬೇಡಿಯಲ್ಲ.

ಆದುದರಿಂದ ಬಂಧುಗಳೇ, ಸಹಿ ಹಾಕುವ ಮೊದಲು ಕರಾರನ್ನು ಓದಿ, ಇಲ್ಲವೇ ಓದಿಸಿ ಕೇಳಿ. ಎಷ್ಟು ವರ್ಷ ಎಂದು ನೋಡಿ. ಬೆರಕೆಯ ಚೀಟಿ ಮಾಲೀಕನದು. ಕೈಯ ಹದ, ಕಣ್ಣಿನ ಅಂದಾಜು ದುಡಿಯುವವನವು. ನಿಷ್ಠೆ ಬೇಕೆನ್ನುವ ಮಾಲೀಕರು ಅದನ್ನು ತಕ್ಕ ಕೂಲಿಯಿಂದ, ಗೌರವದಿಂದ ಗಳಿಸಲಿ.